‘ಆಹಾರ’ಶಬ್ದವೂ ಹೊಗೆಸೊಪ್ಪಿನ ನಿಷೇಧವೂ

ನ್ಯಾಯಸ್ಥಾನಗಳ ತೀರ್ಪುಗಳನ್ನು ವಿದ್ವತ್ಪತ್ರಿಕೆಯೊಂದರಲ್ಲಿ ವಿಮರ್ಶಿಸುವುದು ಅಸ್ಥಾನಪ್ರಯತ್ನವೆಂದು ಕೆಲವರಿಗೆ ತೋರಬಹುದು. ಆದರೆ ತೀರ್ಪೆಂಬುದು ವ್ಯಾಖ್ಯಾನಗ್ರಂಥವೇ ಸರಿ. ಶಾಸನಸಭೆಯು ರಚಿಸಿದ ವಾಕ್ಯವು ಮೂಲ. ಅದರ ಪದಗಳಿಗೆ ಅರ್ಥವೇನು, ಎರಡು ವಾಕ್ಯಗಳಿಗೆ ವಿರೋಧ ಕಂಡಲ್ಲಿ ಯಾವುದು ಬಾಧಕ, ಯಾವುದು ಬಾಧ್ಯ ಎಂಬ ನಿರ್ಣಯವು ಭಾಷ್ಯ. ಜೈಮಿನಿಮುನಿಯ ದರ್ಶನದಲ್ಲಿ ಹನ್ನೆರಡು ಅಧ್ಯಾಯಗಳುದ್ದಕ್ಕೂ ನಡೆದಿರುವ ಕೆಲಸವೂ ಇಂಥದೇ ಆಗಿದೆ. ನಮ್ಮ ಕಾಲದಲ್ಲಿ ಇಂತಹ ವ್ಯಾಖ್ಯಾನಕಲಹವೊಂದು ಒಂದೇ ಒಂದು ಶಬ್ದವನ್ನು ಹಿಡಿದುಕೊಂಡು ಇಪ್ಪತ್ತು ವರ್ಷಗಳಿಗೆ ಮೇಲ್ಪಟ್ಟು ನಡೆದುಬಂದಿದೆ. ಆ ಶಬ್ದವು ‘ಆಹಾರ’. ಕಲಹಕ್ಕೆ ವಿಷಯವಾದ ದ್ರವ್ಯವು ಗುಟ್ಕಾ, ಎಂದರೆ ಅಡಿಕೆ, ಸುಣ್ಣ, ಕಾಚು, ಸುಗಂಧ ಇವುಗಳೊಡನೆ ಹೊಗೆಸೊಪ್ಪನ್ನು ಬೆರಸಿ ಚೀಟಿಯಲ್ಲಿ ತುಂಬಿ ಮಾರುವ ಜಗಿಯುವ ಪದಾರ್ಥ.

ಈ ವಾದದಲ್ಲಿ ಒಂದು ವೈಚಿತ್ರ್ಯವುಂಟು. ತಾನು ಮಾರುವ ಪದಾರ್ಥವು ತಿನ್ನುವುದಕ್ಕೆ ಯೋಗ್ಯವೆಂದು ಸಾಧಿಸಬೇಕಾದ ತಯಾರಕನು ಇಲ್ಲಿ ‘ಇದು ಆಹಾರವೇ ಅಲ್ಲ’ ಎನ್ನುತ್ತಾನೆ. ಅದು ವಿಷಪ್ರಾಯವೆಂದು ನಿಷೇಧಿಸಹೊರಟ ಸರ್ಕಾರವು ‘ಇದು ಆಹಾರವೇ ಹೌದು’ ಎನ್ನುತ್ತದೆ. ಕಾರಣವು ಸ್ಪಷ್ಟವಾಗಿದೆ. ನಿಷೇಧಿಸತಕ್ಕ ಅಧಿಕಾರವಿರುವುದು ಆಹಾರಶಾಸನದಲ್ಲಿ. ಆಹಾರವೆನಿಸಿಕೊಂಡರೆ ಮಾತ್ರ ಆ ಅಧಿಕಾರವು ಅದನ್ನು ಮುಟ್ಟಬಲ್ಲದು. ಹೀಗೆ ಒಂದು ವಸ್ತುವನ್ನು ತಿನ್ನಬೇಡವೆಂದು ಹೇಳುವುದಕ್ಕೆ ಮೊದಲು ಅದು ತಿನ್ನತಕ್ಕದ್ದೆಂದು ಸಾಧಿಸಬೇಕಾಗಿ ಬಂದಿದೆ. ಇದನ್ನು ಕೇವಲ ಶಬ್ದವಿನೋದವೆಂದು ಭಾವಿಸಲಾಗದು. ಭಾರತದ ವಯಸ್ಕರಲ್ಲಿ ಹೊಗೆಯಿಲ್ಲದ ತಂಬಾಕನ್ನು ಸೇವಿಸುವವರು ೨೦೦೯–೧೦ರ ಗಣನೆಯಲ್ಲಿ ನೂರಕ್ಕೆ ೨೫.೯ ಮಂದಿಯೆಂದೂ, ೨೦೧೬–೧೭ರ ಗಣನೆಯಲ್ಲಿ ೨೧.೪ ಮಂದಿಯೆಂದೂ ಕಂಡುಬಂದಿದೆ. ಬಾಯಿಯ ಅರ್ಬುದರೋಗಕ್ಕೆ ಇದು ಕಾರಣವೆಂಬುದರಲ್ಲಿ ವೈದ್ಯಶಾಸ್ತ್ರಜ್ಞರಿಗೆ ಸಂದೇಹವಿಲ್ಲ. ಆದಕಾರಣ ಒಂದು ಶಬ್ದದ ಅರ್ಥವನ್ನು ಅವಲಂಬಿಸಿ ಕೋಟ್ಯಂತರ ಜನರ ಆರೋಗ್ಯವೂ, ಅತ್ತ ವರ್ತಕರ ಜೀವನೋಪಾಯದ ಹಕ್ಕೂ ನಿಂತಿವೆ.

ವಿವಾದದ ಪೂರ್ವೇತಿಹಾಸವನ್ನು ಸಂಕ್ಷೇಪವಾಗಿ ಹೇಳುವೆನು. ೧೯೫೪ರ ಆಹಾರ ಕಲಬೆರಕೆ ನಿವಾರಣಾ ಶಾಸನದ ೭ನೆಯ ಕಲಮಿನಲ್ಲಿ, ಸಾರ್ವಜನಿಕ ಆರೋಗ್ಯಕ್ಕಾಗಿ ಆಹಾರಾಧಿಕಾರಿಯು ‘ತತ್ಕಾಲಕ್ಕೆ’ ನಿಷೇಧಿಸಿರುವ ಆಹಾರಪದಾರ್ಥವನ್ನು ಯಾರೂ ಮಾರಕೂಡದೆಂಬ ವಾಕ್ಯವಿದ್ದಿತು. ಇದನ್ನು ಆಧಾರಮಾಡಿಕೊಂಡು ಮಹಾರಾಷ್ಟ್ರದ ಅಧಿಕಾರಿಯು ೨೦೦೨ರ ಆಗಸ್ಟ್ ೧ರಿಂದ ಐದು ವರ್ಷಗಳ ಕಾಲ ಗುಟ್ಕಾ ಮತ್ತು ಪಾನ್ ಮಸಾಲೆಗಳನ್ನು ನಿಷೇಧಿಸಿದನು. ತಯಾರಕರು ಸರ್ವೋಚ್ಚ ನ್ಯಾಯಾಲಯದವರೆಗೆ ಹೋದರು. ಈ ಮಧ್ಯೆ ೨೦೦೩ರಲ್ಲಿ ಸಿಗರೇಟು ಮತ್ತು ಇತರ ತಂಬಾಕು ಪದಾರ್ಥಗಳನ್ನು ಕುರಿತು ಪಾರ್ಲಿಮೆಂಟು ಪ್ರತ್ಯೇಕ ಶಾಸನವನ್ನೇ ಮಾಡಿತು. ಅದರ ಅನುಬಂಧದಲ್ಲಿ ಗುಟ್ಕಾವೂ ಸೇರಿದೆ. ೨೦೦೪ರಲ್ಲಿ ಗೋಡಾವತ್ ಪಾನ್ ಮಸಾಲಾ ಮೊಕದ್ದಮೆಯ ತೀರ್ಪು ಹೊರಬಂದಿತು. ೭ನೆಯ ಕಲಮು ಸ್ವತಂತ್ರವಾದ ಅಧಿಕಾರಮೂಲವಲ್ಲ. ಅದರಲ್ಲಿ ಸೂಚಿತವಾದ ಅಧಿಕಾರವು ತಾತ್ಕಾಲಿಕವೂ ಸ್ಥಳೀಯವೂ ಆದದ್ದು. ತಂಬಾಕಿನ ಶಾಸನವು ವಿಶೇಷಶಾಸನವಾದ್ದರಿಂದ ಸಾಮಾನ್ಯವಾದ ಆಹಾರಶಾಸನವನ್ನು ಬಾಧಿಸುತ್ತದೆ ಎಂದು ಹೇಳಿ ನ್ಯಾಯಾಲಯವು ಆ ಅಧಿಸೂಚನೆಗಳನ್ನು ರದ್ದುಪಡಿಸಿತು. ಗುಟ್ಕಾ ಆಹಾರವೆಂಬ ವಾದವನ್ನು ತಾನು ಒಪ್ಪಲಾರೆನೆಂದೂ ಹೇಳಿತು. ಆದರೆ ನಿರ್ಣಯವನ್ನು ಅದೊಂದರ ಮೇಲೆಯೇ ನಿಲ್ಲಿಸಲಿಲ್ಲ.

ಅನಂತರ ಮೂಲವಾಕ್ಯವೇ ಬದಲಾಯಿತು. ಹಳೆಯ ಶಾಸನದ ಸ್ಥಾನದಲ್ಲಿ ೨೦೦೬ರ ಆಹಾರ ಸುರಕ್ಷತೆ ಮತ್ತು ಗುಣಮಟ್ಟ ಶಾಸನವು ಬಂದಿತು. ಅದರ ಕೆಳಗೆ ೨೦೧೧ರಲ್ಲಿ ಮಾಡಿದ ನಿಬಂಧನೆಯೊಂದು, ತಂಬಾಕನ್ನಾಗಲಿ ನಿಕೊಟಿನನ್ನಾಗಲಿ ಯಾವ ಆಹಾರಪದಾರ್ಥದಲ್ಲಿಯೂ ಅಂಗವಾಗಿ ಬಳಸಕೂಡದೆಂದು ವಿಧಿಸಿತು. ೩೦ನೆಯ ಕಲಮು ಆಹಾರ ಸುರಕ್ಷತಾ ಆಯುಕ್ತನಿಗೆ, ಯಾವುದೇ ಆಹಾರಪದಾರ್ಥವನ್ನು ಒಂದು ವರ್ಷಕ್ಕೆ ಮೀರದ ಅವಧಿಯವರೆಗೆ ನಿಷೇಧಿಸುವ ಅಧಿಕಾರವನ್ನು ಕೊಟ್ಟಿತು. ಈ ಎರಡನ್ನೂ ಹಿಡಿದು ೨೦೧೨ರ ಏಪ್ರಿಲಿನಲ್ಲಿ ಮಧ್ಯಪ್ರದೇಶವು ಗುಟ್ಕಾವನ್ನು ನಿಷೇಧಿಸಿತು. ಕೇರಳ, ಬಿಹಾರ, ಮಹಾರಾಷ್ಟ್ರ ಮೊದಲಾದ ರಾಜ್ಯಗಳು ಅದನ್ನು ಅನುಸರಿಸಿದುವು. ನಮ್ಮ ಕರ್ಣಾಟಕದಲ್ಲಿ ೨೦೧೩ರ ಮೇ ತಿಂಗಳಿನ ಕೊನೆಯಲ್ಲಿ ನಿಷೇಧವಾಯಿತು. ಮತ್ತೆ ಮೊಕದ್ದಮೆಗಳು ಹುಟ್ಟಿದುವು. ೨೦೧೨ರಲ್ಲಿ ಬೊಂಬಾಯಿಯ ಉಚ್ಚ ನ್ಯಾಯಾಲಯವು ತಡೆಯಾಜ್ಞೆ ಕೊಡಲು ನಿರಾಕರಿಸಿತು. ೨೦೧೬ರಲ್ಲಿ ಪಾಟ್ನಾದ ಉಚ್ಚ ನ್ಯಾಯಾಲಯವು ಬಿಹಾರದ ಆಜ್ಞೆಯೊಂದನ್ನು ರದ್ದುಮಾಡಿತು. ದೆಹಲಿಯಲ್ಲಿ ೨೦೨೨ರ ಸೆಪ್ಟೆಂಬರಿನಲ್ಲಿ ಏಕನ್ಯಾಯಾಧೀಶಪೀಠವು ರದ್ದುಪಡಿಸಿದ ಅಧಿಸೂಚನೆಗಳನ್ನು ೨೦೨೩ರ ಏಪ್ರಿಲಿನಲ್ಲಿ ದ್ವಿಸದಸ್ಯಪೀಠವು ಎತ್ತಿಹಿಡಿಯಿತು. ಅದೇ ವರ್ಷದ ಜನವರಿಯಲ್ಲಿ ಮದರಾಸಿನ ಉಚ್ಚ ನ್ಯಾಯಾಲಯವು ತಮಿಳುನಾಡಿನ ೨೦೧೮ರ ಅಧಿಸೂಚನೆಯನ್ನು ತಳ್ಳಿಹಾಕಿತ್ತು. ಏಪ್ರಿಲಿನಲ್ಲಿ ಸರ್ವೋಚ್ಚ ನ್ಯಾಯಾಲಯವು ಆ ತೀರ್ಪಿಗೆ ತಡೆಯನ್ನಿತ್ತಿತು. ಒಂದೇ ವಾಕ್ಯಕ್ಕೆ ಇಷ್ಟು ವ್ಯಾಖ್ಯಾನಭೇದಗಳು ಹುಟ್ಟಿದಮೇಲೆ ಆ ವಾಕ್ಯವನ್ನು ನಾವೂ ಒಮ್ಮೆ ಪದಶಃ ಪರೀಕ್ಷಿಸುವುದು ಅನುಚಿತವಾಗಲಾರದು.

ಮೊದಲನೆಯ ವಿಚಾರವು ಶಬ್ದಾರ್ಥವನ್ನು ಕುರಿತದ್ದು. ಪೂರ್ವಪಕ್ಷಿಯು ಹೇಳುವುದೇನೆಂದರೆ: ಆಹಾರವೆಂದರೆ ದೇಹವನ್ನು ಪೋಷಿಸತಕ್ಕದ್ದು, ಹೊಗೆಸೊಪ್ಪು ಪೋಷಿಸುವುದಿಲ್ಲ. ಆಹಾರವನ್ನು ನುಂಗುತ್ತಾರೆ, ಗುಟ್ಕಾವನ್ನು ಜಗಿದು ಉಗುಳುತ್ತಾರೆ. ಹಸಿದವನು ಅದನ್ನು ಕೇಳುವುದಿಲ್ಲ, ಉಂಡವನು ಅದರಿಂದ ತೃಪ್ತನಾಗುವುದಿಲ್ಲ. ಆದ್ದರಿಂದ ರೂಢಿಯಿಂದಲೂ ಯೋಗದಿಂದಲೂ ಅದು ಆಹಾರವಲ್ಲ.

ಈ ವಾದವು ಕೇಳುವುದಕ್ಕೆ ಸಮಂಜಸವಾಗಿದ್ದರೂ ಶಾಸ್ತ್ರದಲ್ಲಿ ಪರಿಭಾಷೆಗೆ ಇರುವ ಸ್ಥಾನವನ್ನು ಮರೆತಿದೆ. ಪಾಣಿನಿಯ ಶಾಸ್ತ್ರದಲ್ಲಿ ‘ವೃದ್ಧಿ’ಯೆಂದರೆ ಆಕಾರ, ಐಕಾರ, ಔಕಾರಗಳು, ಅಲ್ಲಿ ಬೆಳವಣಿಗೆಯೆಂಬ ಲೋಕಾರ್ಥವನ್ನು ಹಿಡಿದು ವಾದಿಸುವವನನ್ನು ಪಾಠಶಾಲೆಯ ಬಾಲಕನೂ ನಗುವನು. ೨೦೦೬ರ ಶಾಸನವು ‘ಆಹಾರ’ಕ್ಕೆ ತನ್ನದೇ ಆದ ಪರಿಭಾಷೆಯನ್ನು ಕಟ್ಟಿಕೊಂಡಿದೆ: ಮನುಷ್ಯರ ಸೇವನೆಗೆ ಉದ್ದಿಷ್ಟವಾದ ಯಾವುದೇ ದ್ರವ್ಯವು, ಸಂಸ್ಕರಿಸಿದ್ದಾಗಲಿ ಸಂಸ್ಕರಿಸದೆ ಇದ್ದದ್ದಾಗಲಿ, ಆಹಾರ. ಅಷ್ಟೇ ಅಲ್ಲದೆ ಕೆಲವನ್ನು ಹೆಸರಿಟ್ಟು ಸೇರಿಸಿದೆ. ಅವುಗಳಲ್ಲಿ ಮದ್ಯವೊಂದು, ಚೂಯಿಂಗ್ ಗಮ್ ಇನ್ನೊಂದು. ಈ ಎರಡು ಉದಾಹರಣೆಗಳು ಪೂರ್ವಪಕ್ಷದ ಎರಡು ಹೇತುಗಳನ್ನೂ ಮುರಿಯುತ್ತವೆ. ಮದ್ಯವನ್ನು ಪೋಷಣೆಗಾಗಿ ಕುಡಿಯುವವರಿಲ್ಲ. ಆದರೂ ಅದು ಆಹಾರವೆನಿಸಿತು. ಚೂಯಿಂಗ್ ಗಮ್ಮನ್ನು ಜಗಿದು ಉಗುಳುತ್ತಾರಲ್ಲದೆ ನುಂಗುವುದಿಲ್ಲ; ಅದೂ ಆಹಾರವೆನಿಸಿತು. ಪೋಷಕತ್ವವೂ ಗಿಲನವೂ ಈ ಲಕ್ಷಣದಲ್ಲಿ ಪ್ರವೇಶಿಸಿಲ್ಲವೆಂದು ಇದರಿಂದ ಸಿದ್ಧವಾಗುತ್ತದೆ. ಇನ್ನು ಪಶುಗಳ ಮೇವು, ಕೊಯ್ಲಿಗೆ ಮುಂಚಿನ ಗಿಡ, ಔಷಧ, ಪ್ರಸಾಧನದ್ರವ್ಯ, ಮಾದಕದ್ರವ್ಯ ಮುಂತಾದುವನ್ನು ಶಾಸನವು ಹೊರಗಿಟ್ಟಿದೆ. ಆ ಪಟ್ಟಿಯಲ್ಲಿ ತಂಬಾಕಿನ ಹೆಸರಿಲ್ಲ. ತಂಬಾಕೇ ಮಾದಕದ್ರವ್ಯವಲ್ಲವೆ ಎಂದರೆ, ಆ ಶಬ್ದಕ್ಕೂ ೧೯೮೫ರ ಶಾಸನದಲ್ಲಿ ಪ್ರತ್ಯೇಕ ಪರಿಭಾಷೆಯಿದ್ದು, ತಂಬಾಕು ಅದರೊಳಗೆ ಬರುವುದಿಲ್ಲ.

ಲೋಕವ್ಯವಹಾರವನ್ನು ನೋಡಿದರೂ ಪೂರ್ವಪಕ್ಷಕ್ಕೆ ಹೆಚ್ಚಿನ ಬಲವಿಲ್ಲ. ಕನ್ನಡದಲ್ಲಿ ಬೀಡಿಯನ್ನು ಸೇದುತ್ತಾರೆ, ನಸ್ಯವನ್ನು ಏರಿಸುತ್ತಾರೆ, ಎಲೆಯಡಿಕೆಯನ್ನು ಮೆಲ್ಲುತ್ತಾರೆ, ಗುಟ್ಕಾವನ್ನಾದರೋ ‘ತಿನ್ನುತ್ತಾರೆ’. ಹೆಸರನ್ನು ಒಡೆದರೆ ‘ಹೊಗೆಸೊಪ್ಪು’ ಹೊಗೆಗಾಗಿ ಇರತಕ್ಕದ್ದು. ಆದರೂ ಹೊಗೆಯ ಸಂಬಂಧವಿಲ್ಲದೆ ಅದನ್ನು ಜಗಿಯುವವರೇ ಅನೇಕರು. ಇಂತಹ ಸ್ಥಳದಲ್ಲಿ ವ್ಯುತ್ಪತ್ತಿಯಿಂದ ಏನನ್ನೂ ಸಾಧಿಸಲಾಗದು. ಸರ್ವೋಚ್ಚ ನ್ಯಾಯಾಲಯವೂ ಹಿಂದೆ ತೇಜಾನಿ ಮೊಕದ್ದಮೆಯಲ್ಲಿ, ಕೃಷ್ಣ ಅಯ್ಯರ್ ನ್ಯಾಯಮೂರ್ತಿಗಳ ಲೇಖನಿಯಿಂದ, ಜನರು ರುಚಿಗಾಗಿ ತಿನ್ನುವ ಸುವಾಸನೆಯ ಅಡಿಕೆಯು ಆಹಾರವೇ ಎಂದು ನಿರ್ಣಯಿಸಿತ್ತು.

ಇಲ್ಲಿ ನಮ್ಮ ಧರ್ಮಶಾಸ್ತ್ರದ ಒಂದು ನಿರ್ಣಯವು ವಿಚಾರಾರ್ಹವಾಗಿದೆ. ತಾಂಬೂಲವು ಅನ್ನವೆ? ಭೋಜನಪ್ರಕರಣದಲ್ಲಿ ಅದು ಅನ್ನವಲ್ಲ. ಊಟವಾದಮೇಲೆ ಮುಖಶುದ್ಧಿಗಾಗಿ ತೆಗೆದುಕೊಳ್ಳತಕ್ಕದ್ದು. ಅತಿಥಿಗೆ ತಾಂಬೂಲವನ್ನಿತ್ತು ಊಟವಾಯಿತೆಂದು ಯಾವ ಗೃಹಸ್ಥನೂ ಹೇಳಲಾರನು. ಆದರೆ ವ್ರತಪ್ರಕರಣಕ್ಕೆ ಬಂದರೆ, ಒಂದೇ ಒಂದು ಸಲ ತಾಂಬೂಲವನ್ನು ಜಗಿದರೂ ಉಪವಾಸವು ಕೆಡುತ್ತದೆಂದು ನಿಬಂಧಕಾರರು ಹೇಳುತ್ತಾರೆ. ವಿಧಿಯಲ್ಲಿ ಸಂಕುಚಿತವಾಗಿದ್ದ ಅರ್ಥವು ನಿಷೇಧದಲ್ಲಿ ವಿಸ್ತೃತವಾಯಿತು. ಇದು ಸ್ವವಚನವಿರೋಧವಲ್ಲ. ಉಣಿಸಬೇಕೆಂಬ ವಾಕ್ಯದ ತಾತ್ಪರ್ಯವು ತೃಪ್ತಿಯಲ್ಲಿದೆ. ಉಪವಾಸವಿರಬೇಕೆಂಬ ವಾಕ್ಯದ ತಾತ್ಪರ್ಯವು ಬಾಯನ್ನು ಭೋಗದಿಂದ ತಡೆಯುವುದರಲ್ಲಿದೆ. ಜನರ ಬಾಯಿಗೆ ಹೋಗುವ ಪದಾರ್ಥದಿಂದ ಕೇಡಾಗದಂತೆ ಕಾಯುವುದೇ ೨೦೦೬ರ ಶಾಸನದ ತಾತ್ಪರ್ಯವಾದಮೇಲೆ, ಗುಟ್ಕಾ ಆ ಶಾಸನಕ್ಕೆ ಆಹಾರವೆಂಬುದೇ ನ್ಯಾಯವಾದ ಅರ್ಥ. ೨೦೦೪ರ ತೀರ್ಪಿನ ಅಭಿಪ್ರಾಯವು ಹಳೆಯ ಪರಿಭಾಷೆಯನ್ನು ಕುರಿತದ್ದು. ಅದನ್ನು ಹೊಸ ಪರಿಭಾಷೆಯ ಮೇಲೆ ಹೊರಿಸಕೂಡದು.

ಆದರೆ ಸಿದ್ಧಾಂತಿಯು ಈ ಜಯದಿಂದ ಉಬ್ಬಿ ಮುಂದೆ ಹೋಗಕೂಡದ ಒಂದು ಗಡಿಯುಂಟು. ಯಾವ ಬೆರಕೆಯೂ ಇಲ್ಲದ ಬರಿಯ ಹೊಗೆಸೊಪ್ಪಿನ ಎಸಳನ್ನೂ ಇದೇ ನಿಬಂಧನೆಯಿಂದ ನಿಷೇಧಿಸಬಹುದೆ? ‘ಆಹಾರದಲ್ಲಿ ತಂಬಾಕನ್ನು ಬೆರಸಕೂಡದು’ ಎಂಬ ವಾಕ್ಯದಲ್ಲಿ ಆಹಾರವು ಆಧಾರ, ತಂಬಾಕು ಆಧೇಯ. ಮೊಸರಿನಲ್ಲಿ ಸುಣ್ಣ ಬೆರಸಬೇಡವೆಂದರೆ ಮೊಸರೂ ಸುಣ್ಣವೂ ಬೇರೆ ಬೇರೆ ಇರಬೇಕು. ತಂಬಾಕೇ ಆಹಾರವಾದರೆ, ತಂಬಾಕಿನಲ್ಲಿ ತಂಬಾಕನ್ನು ಬೆರಸಕೂಡದೆಂಬ ವಿಚಿತ್ರಾರ್ಥವು ಬಂದು ಆತ್ಮಾಶ್ರಯದೋಷವು ತಟ್ಟುವುದು. ಗುಟ್ಕಾದಲ್ಲಿ ಅಡಿಕೆಯೆಂಬ ಆಹಾರವಿದ್ದು ಅದಕ್ಕೆ ತಂಬಾಕು ಸೇರಿರುವುದರಿಂದ ವಾಕ್ಯವು ಚೆನ್ನಾಗಿ ಅನ್ವಯಿಸುತ್ತದೆ. ಬರಿಯ ಎಲೆಗೆ ಅನ್ವಯಿಸುವುದಿಲ್ಲ. ಪರಿಣಾಮದಲ್ಲಿ ಎರಡೂ ಕೆಟ್ಟವಾಗಿರಬಹುದು. ವಾಕ್ಯಾರ್ಥವನ್ನು ವಸ್ತುವಿನ ಕೆಡುಕಿನಿಂದ ನಿರ್ಣಯಿಸಲಾಗದು.

ಎರಡನೆಯದು ಸಾಮಾನ್ಯವಿಶೇಷಗಳ ವಿಚಾರ. ಬ್ರಾಹ್ಮಣರಿಗೆಲ್ಲ ಮೊಸರನ್ನು ಕೊಡಿ, ಕೌಂಡಿನ್ಯನಿಗೆ ಮಜ್ಜಿಗೆಯನ್ನು ಕೊಡಿ ಎಂದರೆ, ಕೌಂಡಿನ್ಯನು ಬ್ರಾಹ್ಮಣನಾದರೂ ಮೊಸರನ್ನು ಕೇಳುವಹಾಗಿಲ್ಲ. ಎರಡನ್ನೂ ಕೊಡಲು ಸಾಧ್ಯವಿದ್ದರೂ ವಿಶೇಷವು ಸಾಮಾನ್ಯವನ್ನು ತಡೆಯುವುದೆಂದು ವೈಯಾಕರಣರು ಹೇಳಿದ್ದಾರೆ. ೨೦೦೪ರ ತೀರ್ಪಿನ ಬಲವು ಇದೇ ನ್ಯಾಯದಲ್ಲಿದೆ: ಪಾರ್ಲಿಮೆಂಟು ಗುಟ್ಕಾವನ್ನು ಹೆಸರಿಸಿ, ಹದಿನೆಂಟು ವರ್ಷ ತುಂಬದವರಿಗೆ ಮಾರಬೇಡ, ವಿದ್ಯಾಸಂಸ್ಥೆಯಿಂದ ನೂರು ಗಜದೊಳಗೆ ಮಾರಬೇಡ, ಎಚ್ಚರಿಕೆಯನ್ನು ಮುದ್ರಿಸು ಎಂದು ನಿಯಮಿಸಿರುವಾಗ, ಉಳಿದ ಕಡೆ ಮಾರಬಹುದೆಂಬುದು ಅರ್ಥಾತ್ ಸಿದ್ಧವಲ್ಲವೆ ಎಂದು ತಯಾರಕರು ಕೇಳುತ್ತಾರೆ. ಇದಕ್ಕೆ ಸಮಾಧಾನವೇನೆಂದರೆ: ಕೌಂಡಿನ್ಯನ್ಯಾಯವು ದಾನವೆಂಬ ಒಂದೇ ಕ್ರಿಯೆಯಲ್ಲಿ ಪ್ರವರ್ತಿಸುತ್ತದೆ. ಇಲ್ಲಿ ಪ್ರಯೋಜನಗಳೇ ಬೇರೆ. ಒಂದು ಶಾಸನವು ತಂಬಾಕಿನ ವ್ಯಾಪಾರಪ್ರಚಾರಗಳನ್ನು ಅಂಕೆಯಲ್ಲಿಡತಕ್ಕದ್ದು. ಇನ್ನೊಂದು ಆಹಾರದಲ್ಲಿ ಏನು ಬೆರೆಯಕೂಡದೆಂದು ಹೇಳತಕ್ಕದ್ದು. ಮೇಲಾಗಿ ೨೦೦೬ರ ಶಾಸನದ ೮೯ನೆಯ ಕಲಮು, ಇತರ ಶಾಸನಗಳಲ್ಲಿ ವಿರುದ್ಧವಾದದ್ದು ಏನಿದ್ದರೂ ತನ್ನ ಮಾತೇ ನಿಲ್ಲತಕ್ಕದ್ದೆಂದು ಕಂಠೋಕ್ತವಾಗಿ ಹೇಳಿದೆ. ಶಾಸನಕರ್ತನೇ ಬಾಯಿಬಿಟ್ಟು ಹೇಳಿದಮೇಲೆ ನ್ಯಾಯಗಳನ್ನು ಹುಡುಕುವ ಕೆಲಸವಿಲ್ಲ. ೨೦೨೩ರಲ್ಲಿ ದೆಹಲಿಯ ದ್ವಿಸದಸ್ಯಪೀಠವೂ ಎರಡು ಶಾಸನಗಳಿಗೆ ವಿರೋಧವಿಲ್ಲವೆಂದೇ ಹೇಳಿತು.

ಮೂರನೆಯದು, ನನ್ನ ಮತಿಗೆ ಅತ್ಯಂತ ಕಠಿನವಾದದ್ದು, ‘ಒಂದು ವರ್ಷಕ್ಕೆ ಮೀರದ’ ಎಂಬ ಪದಗಳ ವಿಚಾರ. ಸರ್ಕಾರಗಳು ವರ್ಷ ತುಂಬುತ್ತಲೆ ಅದೇ ಆಜ್ಞೆಯನ್ನು ಮತ್ತೆ ಹೊರಡಿಸಿ, ಹೀಗೆ ಹಲವು ವರ್ಷಗಳ ಕಾಲ ನಿಷೇಧವನ್ನು ಎಳೆದುಕೊಂಡು ಬಂದಿವೆ. ಮದರಾಸಿನ ಪೀಠವು ಇದನ್ನು ಒಪ್ಪಲಿಲ್ಲ. ವರ್ಷವರ್ಷವೂ ನವೀಕರಿಸಬಹುದಾದರೆ ಅವಧಿಯ ಮಿತಿಗೆ ಅರ್ಥವೆಲ್ಲಿ ಉಳಿಯಿತು? ದೆಹಲಿಯ ಪೀಠವಾದರೋ, ಮರಳಿ ಆಜ್ಞೆ ಮಾಡಕೂಡದೆಂದು ಶಾಸನವು ಎಲ್ಲಿಯೂ ಹೇಳಿಲ್ಲವೆಂದಿತು. ಮೀಮಾಂಸಕನ ಭಾಷೆಯಲ್ಲಿ ಹೇಳುವುದಾದರೆ, ಮೊದಲನೆಯವರು ಪದವೈಯರ್ಥ್ಯವನ್ನು ದೋಷವಾಗಿ ತೋರಿಸಿದರು. ಎರಡನೆಯವರು, ನಿಮಿತ್ತವು ಮರಳಿದರೆ ನೈಮಿತ್ತಿಕವೂ ಮರಳತಕ್ಕದ್ದೆಂದರು. ಗ್ರಹಣವಾದಾಗಲೆಲ್ಲ ಸ್ನಾನಮಾಡಬೇಕಷ್ಟೆ, ಹೋದ ಗ್ರಹಣದಲ್ಲಿ ಮಾಡಿದ್ದೇನೆಂದು ಬಿಡುವಹಾಗಿಲ್ಲ.

ಎರಡು ಮಾತುಗಳಲ್ಲಿಯೂ ತಥ್ಯಾಂಶವಿದೆ. ಆದರೆ ನೈಮಿತ್ತಿಕವು ನೈಮಿತ್ತಿಕವಾಗಿ ಉಳಿಯಬೇಕಾದರೆ ಪ್ರತಿಸಲವೂ ನಿಮಿತ್ತವನ್ನು ನೋಡಬೇಕು. ಗ್ರಹಣವಾಯಿತೆ ಇಲ್ಲವೆ ಎಂದು ನೋಡದೆಯೆ ದಿನದಿನವೂ ಮಾಡಿದರೆ ಅದು ನಿತ್ಯಸ್ನಾನವಾದೀತಲ್ಲದೆ ಗ್ರಹಣಸ್ನಾನವಾಗಲಾರದು. ಆಯುಕ್ತನು ಪ್ರತಿವರ್ಷವೂ ರೋಗದ ಸ್ಥಿತಿಯನ್ನೂ ಹಿಂದಿನ ನಿಷೇಧದ ಫಲವನ್ನೂ ಹೊಸದಾಗಿ ಆಲೋಚಿಸಿ ಕಾರಣಸಹಿತವಾಗಿ ಆಜ್ಞೆಮಾಡಿದರೆ ‘ಒಂದು ವರ್ಷ’ವೆಂಬ ಪದವು ಸಾರ್ಥಕ, ಅದು ಅಧಿಕಾರಿಯನ್ನು ವರ್ಷಕ್ಕೊಮ್ಮೆ ಎಚ್ಚರಿಸುವ ಗಂಟೆಯಾಗುವುದು. ಹಳೆಯ ಆಜ್ಞೆಯಲ್ಲಿ ವರ್ಷದ ಅಂಕೆಯನ್ನು ಮಾತ್ರ ತಿದ್ದಿ ಪ್ರಕಟಿಸಿದರೆ ಪದವು ವ್ಯರ್ಥವಾಗಿ, ಅಧಿಕಾರಿಯೇ ಶಾಸನಕರ್ತನ ಪೀಠವನ್ನು ಏರಿದಂತಾಗುವುದು. ನಿತ್ಯನಿಷೇಧವು ಬೇಕಾದರೆ ಅದನ್ನು ಹೇಳತಕ್ಕವರು ಶಾಸನಸಭೆಯವರು. ಇದು ಅಸಾಧ್ಯವೂ ಅಲ್ಲ. ವಿದ್ಯುಚ್ಚಾಲಿತ ಸಿಗರೇಟುಗಳನ್ನು ೨೦೧೯ರಲ್ಲಿ ಪಾರ್ಲಿಮೆಂಟು ಪ್ರತ್ಯೇಕ ಶಾಸನದಿಂದಲೇ ನಿಷೇಧಿಸಿತು. ಅಲ್ಲಿ ಆಹಾರಶಬ್ದವನ್ನು ಎಳೆದಾಡುವ ಪ್ರಮೇಯವೇ ಬರಲಿಲ್ಲ.

ಇನ್ನು ವರ್ತಕರ ಉಪಾಯವನ್ನು ಕುರಿತು ಎರಡು ಮಾತು. ಬೆರಕೆಯು ನಿಷಿದ್ಧವಾದಮೇಲೆ ಪಾನ್ ಮಸಾಲೆಯನ್ನು ಒಂದು ಚೀಟಿಯಲ್ಲಿಯೂ ಹೊಗೆಸೊಪ್ಪನ್ನು ಇನ್ನೊಂದರಲ್ಲಿಯೂ ಇಟ್ಟು ಜೊತೆಯಾಗಿ ಮಾರತೊಡಗಿದರು; ಬೆರಸುವ ಕೆಲಸವು ಕೊಳ್ಳುವವನ ಅಂಗೈಗೆ ವರ್ಗವಾಯಿತು. ಸರ್ವೋಚ್ಚ ನ್ಯಾಯಾಲಯದ ೨೦೧೬ರ ಸೆಪ್ಟೆಂಬರ್ ತಿಂಗಳ ಆಜ್ಞೆಯೊಂದರಲ್ಲಿ ಈ ಜೋಡಿಚೀಟಿಗಳ ಪ್ರಸ್ತಾಪವಿದೆ. ಇಂತಹ ವ್ಯಾಜವು ಎಲ್ಲ ದೇಶಗಳಿಗೂ ಸಮಾನ. ಅಮೆರಿಕದ ಟೆನೆಸ್ಸೀ ಸಂಸ್ಥಾನವು ೧೮೯೭ರಲ್ಲಿ ಸಿಗರೇಟಿನ ಮಾರಾಟವನ್ನು ನಿಷೇಧಿಸಿದಾಗ, ಹೊರಸಂಸ್ಥಾನದಿಂದ ಬಂದ ಸರಕಿನ ಮೂಲಪೆಟ್ಟಿಗೆಯನ್ನು ಒಡೆಯದೆ ಮಾರಿದರೆ ಸಂಸ್ಥಾನದ ಶಾಸನವು ತಟ್ಟದೆಂಬ ನಿಯಮವನ್ನು ನೆಚ್ಚಿ, ಆಸ್ಟಿನ್ ಎಂಬ ವರ್ತಕನು ಹತ್ತು ಹತ್ತು ಸಿಗರೇಟುಗಳ ಪುಟ್ಟ ಪೊಟ್ಟಣಗಳನ್ನು ತೆರೆದ ಬುಟ್ಟಿಯಲ್ಲಿ ತರಿಸಿ, ಒಂದೊಂದು ಪೊಟ್ಟಣವೂ ಮೂಲಪೆಟ್ಟಿಗೆಯೇ ಎಂದು ವಾದಿಸಿದನು. ೧೯೦೦ರಲ್ಲಿ ಅಲ್ಲಿನ ಸರ್ವೋಚ್ಚ ನ್ಯಾಯಾಲಯವು ಬಹುಮತದಿಂದ ಆ ವಾದವನ್ನು ತಳ್ಳಿ, ನಿಷೇಧವನ್ನು ಎತ್ತಿಹಿಡಿಯಿತು. ಸುಂಕವನ್ನು ತಪ್ಪಿಸಿಕೊಳ್ಳಲು ರಾತ್ರಿಯೆಲ್ಲ ಅಡ್ಡದಾರಿಯಲ್ಲಿ ಅಲೆದವನಿಗೆ ಸುಂಕದ ಕಟ್ಟೆಯ ಮುಂದೆಯೇ ಬೆಳಗಾಯಿತೆಂಬ ಘಟ್ಟಕುಟೀಪ್ರಭಾತನ್ಯಾಯಕ್ಕೆ ಇದು ಒಳ್ಳೆಯ ಉದಾಹರಣೆ.

ಜೋಡಿಚೀಟಿಯೂ ಗುಟ್ಕಾವೇ ಎಂದು ವ್ಯಾಖ್ಯಾನದಿಂದ ಹೇಳಬಹುದೆ? ಕಾಗೆಗಳಿಂದ ಮೊಸರನ್ನು ಕಾಯಿ ಎಂದರೆ ನಾಯಿ ಬಂದಾಗ ಸುಮ್ಮನಿರೆಂದರ್ಥವಲ್ಲ. ಕಾಗೆಯು ಮೊಸರನ್ನು ಕೆಡಿಸುವ ಎಲ್ಲಕ್ಕೂ ಉಪಲಕ್ಷಣ. ಆದರೆ ಈ ನ್ಯಾಯವನ್ನು ದಂಡಶಾಸನಕ್ಕೆ ತರುವಾಗ ಎಚ್ಚರವಿರಬೇಕು. ಮೊಸರು ಕಾಯುವ ಹುಡುಗನಿಗೆ ಯಜಮಾನನ ಮನಸ್ಸು ತಿಳಿದಿರುತ್ತದೆ. ದಂಡಕ್ಕೆ ಗುರಿಯಾಗುವವನಿಗಾದರೋ ಯಾವುದು ಅಪರಾಧವೆಂಬುದು ಮುಂಚಿತವಾಗಿಯೆ ಅಕ್ಷರಗಳಲ್ಲಿ ಗೊತ್ತಿರತಕ್ಕದ್ದು. ಮಹಾರಾಷ್ಟ್ರ, ದೆಹಲಿ ಮೊದಲಾದವು ತಮ್ಮ ಮುಂದಿನ ಆಜ್ಞೆಗಳಲ್ಲಿ ಸುವಾಸಿತ ತಂಬಾಕನ್ನೂ ಹೆಸರಿಸಿದ್ದು ಈ ದೃಷ್ಟಿಯಿಂದ ಯುಕ್ತವಾದ ಮಾರ್ಗ. ಬೀಡಿಸಿಗರೇಟುಗಳನ್ನು ಬಿಟ್ಟು ಗುಟ್ಕಾವನ್ನು ಮಾತ್ರ ಹಿಡಿಯುವುದು ಸಮಾನತೆಗೆ ವಿರುದ್ಧವೆಂಬ ಆಕ್ಷೇಪವೂ ಉಂಟು. ಆಹಾರಶಾಸನದ ಅಧಿಕಾರದಿಂದ ಆಹಾರವಲ್ಲದ ಹೊಗೆಯನ್ನ��� ತಡೆಯಲು ಬಾರದೆಂಬುದು ಅದಕ್ಕೆ ಸಾಕಾದ ಉತ್ತರ. ಒಂದು ಬಾಗಿಲನ್ನು ಮುಚ್ಚಲು ಬರಲಿಲ್ಲವೆಂದು ಇನ್ನೊಂದನ್ನೂ ತೆರೆದಿಡಬೇಕಾಗಿಲ್ಲ.

ಈ ವಿಚಾರದಿಂದ ನಿಷ್ಪನ್ನವಾದ ಅಭಿಪ್ರಾಯವು ಇಷ್ಟು: ಗುಟ್ಕಾ ೨೦೦೬ರ ಶಾಸನಕ್ಕೆ ಆಹಾರವೇ, ಬರಿಯ ಹೊಗೆಸೊಪ್ಪಿಗೆ ಬೆರಕೆಯ ನಿಬಂಧನೆಯು ಅನ್ವಯಿಸದು, ವರ್ಷವರ್ಷದ ಆಜ್ಞೆಯು ಕಾರಣವಿದ್ದರೆ ಸಾಧು, ಯಾಂತ್ರಿಕವಾದರೆ ಅಸಾಧು. ಈ ತೀರ್ಮಾನವು ಸರ್ಕಾರಕ್ಕೂ ಪೂರ್ಣವಾಗಿ ಹಿತವಲ್ಲ, ವರ್ತಕನಿಗಂತೂ ಹಿತವಲ್ಲವೆಂದು ಬಲ್ಲೆನು. ಅಡಿಕೆಯನ್ನು ಭಾರತದಲ್ಲೆಲ್ಲ ಹೆಚ್ಚಾಗಿ ಬೆಳೆಯುವ ನಾಡಿನವನಾಗಿ, ಈ ವಾದದ ಆಚೆಗೆ ಮಲೆನಾಡಿನ ತೋಟಗಳಿವೆಯೆಂಬುದನ್ನೂ ಮರೆತಿಲ್ಲ. ಆದರೆ ನಾನು ಪಾಠ ಹೇಳುವ ಶಾಲೆಯ ಎದುರಿನ ಬೀದಿಯಲ್ಲಿ ಎರಡು ಚೀಟಿಗಳನ್ನು ಹರಿದು ಅಂಗೈಯಲ್ಲಿ ಬೆರಸಿಕೊಳ್ಳುವ ಹುಡುಗರನ್ನು ದಿನವೂ ನೋಡುತ್ತೇನೆ. ಅವರಲ್ಲಿ ಒಬ್ಬನಿಗೆ ಶಬ್ದರೂಪಾವಳಿಯನ್ನು ಹೇಳಿಕೊಟ್ಟವನು ನಾನೇ. ಅವನನ್ನು ಕಾಯಬೇಕಾದ ವಾಕ್ಯವು ವರ್ಷಕ್ಕೊಮ್ಮೆ ಸತ್ತು ಹುಟ್ಟತಕ್ಕದ್ದಾಗಿರಬಾರದು. ಯಾವ ವ್ಯಾಖ್ಯಾತೃವಿನ ಸಹಾಯವೂ ಬೇಡದಷ್ಟು ಸ್ಪಷ್ಟವಾಗಿ, ಮೂಲದಲ್ಲಿಯೇ ಬರೆದಿರಬೇಕು. ಭಾಷ್ಯಕಾರನು ಎಷ್ಟೇ ಸಮರ್ಥನಾದರೂ ಸೂತ್ರಕಾರನ ಆಲಸ್ಯವನ್ನು ಎಂದೆಂದಿಗೂ ಹೊತ್ತು ನಡೆಯಲಾರನು. ಈ ವಿಷಯದಲ್ಲಿ ಭಿನ್ನಾಭಿಪ್ರಾಯವುಳ್ಳ ವಿದ್ವಾಂಸರು ದೋಷಗಳನ್ನು ತೋರಿಸಿಕೊಟ್ಟರೆ ತಿದ್ದಿಕೊಳ್ಳಲು ಸಿದ್ಧನಾಗಿದ್ದೇನೆ.